ಕರಣಿ, ಕರಣೆ

ಒಂಬತ್ತನೇ ತರಗತಿ, ಬಿ ವಿಭಾಗ.
ಸೋಮಿನಕೊಪ್ಪದ ಶಾಲೆಯಲ್ಲಿ ಊಟದ ನಂತರದ ಪಿರಿಯಡ್ಡು.
ಅನ್ನ ಸಾರು ಉಂಡ ಕಣ್ಣುಗಳು ಅರೆಮುಚ್ಚಿರುವಾಗ
ಬೋರ್ಡಿನ ಮೇಲೆ ದೊಡ್ಡದಾಗಿ ಬರೆದೆ: ಕರಣಿ.

ಮೂರನೇ ಬೆಂಚಿನ ಮುಬೀನಾ ಎದ್ದು ನಿಂತಳು.
‘ಮಿಸ್, ಅದು ಕರಣೆ ಅಲ್ವಾ?
ನಮ್ಮನೇಲಿ ಮೂರಿದಾವೆ.’

ನಕ್ಕೂ ನಕ್ಕೂ ಇಡೀ ಕ್ಲಾಸಿಗೆ ಎಚ್ಚರವಾಯಿತು.
ನಾನೂ ನಕ್ಕೆ.
‘ಅದು ಗಾರೆಯದು, ಇದು ಗಣಿತದ್ದು, ಕೂತ್ಕೋ.’
ಕೂತಳು. ಆಮೇಲೆ ವರ್ಷವಿಡೀ
ಏನನ್ನೂ ಕೇಳಲಿಲ್ಲ.

ಪಾಠ ನಡೆಯಿತು. ಮುರುಕು ಕೊಡೆಯಂಥ ಚಿಹ್ನೆಯಡಿ
ಎರಡು, ಮೂರು, ಐದು, ಏಳು
ಮುದುರಿ ನಿಂತವು.
ಒಂದು ನಿಯಮ ಬಾಯಿಪಾಠ ಮಾಡಿಸಿದೆ:
ಛೇದದಲ್ಲಿ ಕರಣಿ ಇರಕೂಡದು,
ಇದ್ದರೆ ಅಕರಣೀಕಾರಕ ಹುಡುಕಿ, ಗುಣಿಸಿ,
ಮೇಲಕ್ಕೆ ಕಳಿಸಬೇಕು. ಅಂಶದಲ್ಲಿದ್ದರೆ ಅಡ್ಡಿಯಿಲ್ಲ.
ಯಾಕೆ ಅಂತ ಯಾರೂ ಕೇಳಲಿಲ್ಲ,
ಕೇಳಬಹುದಾದವಳನ್ನು ಕೂರಿಸಿದ್ದೆನಲ್ಲ.
ನಿಜ ಹೇಳಬೇಕೆಂದರೆ ನನಗೂ ಗೊತ್ತಿರಲಿಲ್ಲ.
ನಮ್ಮ ಮೇಷ್ಟ್ರು ಹೇಳಿದ್ದು. ಅವರಿಗೆ ಅವರ ಮೇಷ್ಟ್ರು.

ಆರು ವರ್ಷದ ಮೇಲೆ
ಆಲ್ಕೊಳದ ನಮ್ಮ ಮನೆಯ ತಾರಸಿಯಲ್ಲಿ
ಹತ್ತಕ್ಕೆ ಹತ್ತರ ಒಂದು ರೂಮು ಎಬ್ಬಿಸಲು
ದಸ್ತಗೀರ್ ಮೇಸ್ತ್ರಿ ಬಂದರು.
ಕಲ್ಲು ಕುಯ್ಯುವ ಮಿಷನ್ನಿನ ಪಕ್ಕ ಮೂವತ್ತು ವರ್ಷ;
ಎಡಗಿವಿ ಪೂರಾ ಹೋಗಿದೆ.
ಮಾತಾಡುವುದಾದರೆ ಬಲಕ್ಕೆ ಬಂದು ನಿಲ್ಲಬೇಕು.

ಮೊಳೆ ಹೊಡೆದರು, ದಾರ ಎಳೆದರು,
ನಾಲ್ಕು ಬದಿಯೂ ಹತ್ತತ್ತು ಅಡಿ.
ಆಯಿತಲ್ಲ, ಅಂದೆ.
‘ಎಲ್ಲಾಯ್ತು ಟೀಚರಮ್ಮ, ಬದಿ ಸರಿ ಇದ್ರೂ
ಮೂಲೆ ಸುಳ್ಳು ಹೇಳ್ತದೆ.
ಹಿಡೀರಿ ಇದನ್ನ,’ ಎಂದು ಟೇಪಿನ ತುದಿ ನನ್ನ ಕೈಗಿಟ್ಟು
ಎದುರು ಮೂಲೆಗೆ ನಡೆದರು.
‘ಹದಿನಾಲ್ಕಡಿ ಒಂದೂಮುಕ್ಕಾಲು ಇಂಚು.
ಅದಕ್ಕೂ ಒಂಚೂರು ಕಡಿಮೆ. ನೂಲಷ್ಟಲ್ಲ, ಕೂದಲಷ್ಟು.’

ಮನಸ್ಸಲ್ಲೇ ಗುಣಿಸಿದೆ. ಎರಡರ ವರ್ಗಮೂಲ,
ಒಂದು ಬಿಂದು ನಾಲ್ಕು ಒಂದು ನಾಲ್ಕು ಎರಡು ಒಂದು,
ಅದರಾಚೆಗೆ ಬಾಲ.
ಸರಿಯಾಗಿತ್ತು. ಕೂದಲೂ ಸರಿಯಾಗಿತ್ತು.

‘ಆ ಕೂದಲನ್ನ ಏನು ಮಾಡ್ತೀರಿ?’
ಎಡಗಡೆ ನಿಂತು ಕೇಳಿದ್ದೆ. ಸುತ್ತಿ ಬಂದು ಮತ್ತೆ ಕೇಳಿದೆ.
‘ಅದನ್ನ ಗಾರೆ ನುಂಗ್ತದೆ.’

ಆ ರಾತ್ರಿ ನಿಘಂಟು ಕೆಳಗಿಳಿಸಿದೆ.
ಕರಣಿ: ಮಾಡುವಂಥದ್ದು.
ಇಟ್ಟಿಗೆಯ ವೇದಿ ಕಟ್ಟುತ್ತಿದ್ದವರು
ಚೌಕದ ಮೂಲೆಯಿಂದ ಮೂಲೆಗೆ ಎಳೆದ ಹಗ್ಗಕ್ಕೆ
ದ್ವಿಕರಣಿ ಎಂದರು;
ಅದರ ಮೇಲೊಂದು ಚೌಕ ಎಬ್ಬಿಸಿದರೆ
ಮೊದಲಿನದರ ಎರಡರಷ್ಟು.
ಮೊದಲು ಹಗ್ಗ ಇತ್ತು, ಹಗ್ಗ ಹಿಡಿದ ಇಬ್ಬರಿದ್ದರು.
ಸಂಖ್ಯೆ ಬಂದದ್ದು ಬೆವರಾರಿದ ಮೇಲೆ.
ಗಾರೆಯ ಕರಣೆಯೂ ಅದೇ ಬೇರಿನದೋ ಏನೋ,
ನನ್ನ ನಿಘಂಟು ಬಾಯಿ ಬಿಡಲಿಲ್ಲ.

ಇನ್ನೊಂದು ಪುಸ್ತಕದಲ್ಲಿತ್ತು:
ಅರಬ್ಬಿಯಲ್ಲಿ ಇದನ್ನು ಕಿವುಡು ಸಂಖ್ಯೆ ಎಂದರಂತೆ,
ಎಷ್ಟು ಕೂಗಿದರೂ ಪೂರ್ತಿ ಉತ್ತರ ಕೊಡುವುದಿಲ್ಲವಲ್ಲ.
ಅದು ಮಲಗಿರುವ ಓರೆಗೆರೆಗೆ
ನಮ್ಮ ಹೆಸರು ಕರ್ಣ.
ಕಿವಿ.
ದೀಪ ಆರಿಸಿ ಬಹಳ ಹೊತ್ತು ಎದ್ದೇ ಇದ್ದೆ.

ಪ್ಲಾಸ್ಟರಿನ ದಿನ ಟೈಲ್ಸ್ ಅಂಗಡಿಯ ಬಿಲ್ಲು ಹಿಡಿದು
ಮೆಟ್ಟಿಲು ಹತ್ತಿ ಬಂದವಳು ಮುಬೀನಾ.
‘ಅಬ್ಬಾ ನಿಮ್ಮನೆ ಅಂತ ಹೇಳಿರಲೇ ಇಲ್ಲ ಮಿಸ್.’
ಲೆಕ್ಕ ಒಪ್ಪಿಸಿದಳು: ನೇರ ಹಾಸಿದರೆ ಇಷ್ಟು ಪೆಟ್ಟಿಗೆ,
ಓರೆಯಾಗಿ ಹಾಸಿದರೆ ಒಂದು ಜಾಸ್ತಿ,
ಅಂಚಿನ ಚೂರೆಲ್ಲ ದಂಡ.
ಹೇಳಬೇಕೆಂದುಕೊಂಡದ್ದು ನಾಲಿಗೆಗೆ ಬರಲಿಲ್ಲ.
‘ಓರೆಯಾಗೇ ಹಾಸಲಿ’ ಅಂದೆ.

ಹಸಿ ಗೋಡೆಯ ಮೇಲೆ ಬೆರಳಿನಿಂದ
ಆ ಮುರುಕು ಕೊಡೆ ಬರೆದೆ, ಅಡಿಯಲ್ಲಿ ಎರಡು.
ಅವಳು ನೋಡಿದಳು. ಗುರುತು ಹಿಡಿದಳು.
ಅಷ್ಟರಲ್ಲಿ ದಸ್ತಗೀರ್ ಬಂದರು,
ಯಾವ ಕಾಗೆ ಕೂತು ಹೋಯಿತೋ ಅಂತ ಗೊಣಗುತ್ತ
ಕರಣೆಯಿಂದ ಒಂದೇ ಎಳೆತ ಎಳೆದರು.

ಮುಬೀನಾ ನಕ್ಕಳು, ಜೋರಾಗಿ.
ಗೋಡೆ ನುಣ್ಣಗಾಯಿತು.